ಫಜೆಲ್ ಪದದ ಸಂರಕ್ಷಣೆ

ಇಂಗ್ಲೆಂಡಿನ ಲಡ್ಲೋ ಪಟ್ಟಣದ ವಿರಳ ಇಂಗ್ಲಿಷ್ ಪದಗಳ ಸಂರಕ್ಷಣಾ ಕಚೇರಿಯ ವಶದಲ್ಲಿ ಕಳೆದ ವರ್ಷ ಉಳಿದಿದ್ದ ಪದ ಒಂದೇ: ಫಜೆಲ್. ಅರ್ಥ, ಏನನ್ನೂ ಮಾಡದೆ ಕೆಲಸ ಮಾಡುತ್ತಿರುವಂತೆ ಕಾಣಿಸಿಕೊಳ್ಳುವುದು. ಇದರ ಸಂರಕ್ಷಣೆಗೆ ಹದಿನಾಲ್ಕು ಮಂದಿ ಸಿಬ್ಬಂದಿಯಿದ್ದರು.

ನಿಯಮ ಸರಳ. ವರ್ಷದಲ್ಲಿ ಮೂರು ಸಲವಾದರೂ ಹೊರಗಿನವರ ಬಾಯಲ್ಲಿ ಬಾರದ ಪದ ಸತ್ತಂತೆ. ನೂರು ದಾಟಿದರೆ ಅದು ಸಾಮಾನ್ಯ ಪದ. ಎರಡರಲ್ಲಿ ಯಾವುದಾದರೂ ಕಚೇರಿಗೆ ಬೀಗ. ಮುಖ್ಯಾಧಿಕಾರಿ ಮಾರ್ಟಿಮರ್ ಪ್ರೈಕ್ ಅವರ ಪಿಂಚಣಿಗೆ ಇನ್ನು ಏಳೇ ತಿಂಗಳು. ಅದರೊಳಗೆ ಬೀಗ ಬಿದ್ದರೆ ಪಿಂಚಣಿಯೂ ಇಲ್ಲ. ಪಾಪ, ಚಿಂತೆಯಿಂದ ಮನೆಯಲ್ಲಿ ನಿದ್ದೆಯೇ ಹತ್ತುತ್ತಿರಲಿಲ್ಲ. ಕಚೇರಿಯಲ್ಲಿ ಮಾತ್ರ ಹತ್ತುತ್ತಿತ್ತು.

ಆಗಲೇ ಡಿಸೆಂಬರ್. ಎಣಿಕೆ ಇನ್ನೂ ಎರಡರಲ್ಲೇ ನಿಂತಿತ್ತು. ಮೂರನೆಯ ಬಾಯನ್ನು ಹುಡುಕಿಕೊಂಡು ಪ್ರೈಕ್ ಮಧ್ಯಾಹ್ನದ ಊಟಕ್ಕೆ ಪಬ್ಬಿಗೆ ಹೋದರು.

"ಏನ್ರೀ ಪ್ರೈಕ್, ಕೆಲ್ಸ ಜೋರಾ?" ಎಂದಳು ಪಬ್ಬಿನೊಡತಿ ಡಾಟ್.

"ನಮ್ಮಲ್ಲಿ ಅದಕ್ಕೆ ಫಜೆಲ್ ಅಂತಾರೆ," ಎಂದು ಪ್ರೈಕ್ ಅರ್ಥ ಬಿಡಿಸಿ ಹೇಳಿದರು.

ಪಕ್ಕದ ಮೇಜಿನಲ್ಲಿ ಪುರಸಭೆಯ ಗುಮಾಸ್ತ ಬಾರ್ನಬಿ ಕಡುಬು ತಿನ್ನುವುದನ್ನು ನಿಲ್ಲಿಸಿದ. "ಫಜೆಲ್ಲಾ? ಅಯ್ಯೋ ದೇವ್ರೇ, ಇದಕ್ಕೊಂದು ಹೆಸ್ರು ಬೇರೆ ಇದ್ಯಾ? ಇಪ್ಪತ್ತೆರಡು ವರ್ಷದಿಂದ ಮಾಡ್ತಿದೀನಿ, ಒಬ್ರೂ ಹೇಳ್ಲಿಲ್ವಲ್ಲ!"

ಪದ ಬದುಕಿತು. ಸಂಜೆಯೊಳಗೆ ಪುರಸಭೆಯ ಬಾಯಲ್ಲೆಲ್ಲ ಅದೇ. ಗುರುವಾರದ ಹೊತ್ತಿಗೆ ಎಣಿಕೆ ನೂರಮೂವತ್ತೊಂದು. ಪ್ರೈಕ್ ತಲೆ ಮೇಲೆ ಕೈಹೊತ್ತು ಕೂತರು.

ಎಣಿಕೆ ಗುಮಾಸ್ತೆ ವಿನಿಫ್ರೆಡ್ ಟಾಡ್ ದಾರಿ ತೋರಿಸಿದಳು. "ಸರ್, ಈ ಪದದ ನಡುವೆ ಜ ಅನ್ಬೇಕೋ ಗ ಅನ್ಬೇಕೋ ಅಂತ ಉಚ್ಚಾರಣಾ ಉಪಸಮಿತಿ ಒಂಬತ್ತು ವರ್ಷದಿಂದ ಚರ್ಚೆ ಮಾಡ್ತಾನೇ ಇದೆ. ತೀರ್ಮಾನ ಆಗ್ದೇ ಇದ್ಮೇಲೆ ಯಾರು ಹೇಳಿದ್ದೂ ಲೆಕ್ಕಕ್ಕಿಲ್ಲ."

"ಆಗ ಸೊನ್ನೆ ಆಯ್ತಲ್ಲಮ್ಮ! ಪದ ಸತ್ತೇ ಹೋಗುತ್ತೆ."

"ಮೂರೇ ಮೂರು ಜನಕ್ಕೆ, ನಿಮ್ದು ಸರಿ ಅಂತ ಚೀಟಿ ಕೊಡೋಣ."

ಮರುದಿನ ಪ್ರಕಟಣೆ ಹೊರಬಿತ್ತು: "ಸದರಿ ಪದವನ್ನು ಈ ವರ್ಷ ಇನ್ನು ಮೂವರು ಮಾತ್ರ, ತಲಾ ಒಮ್ಮೆ, ಚೀಟಿ ಪಡೆದು ಉಚ್ಚರಿಸತಕ್ಕದ್ದು. ಸಿಬ್ಬಂದಿಗೂ ವಿನಾಯಿತಿಯಿಲ್ಲ. ಬಾಯಿತಪ್ಪಿ ಅಂದವರು ಕೂಡಲೇ ಕ್ಷಮೆ ಕೋರತಕ್ಕದ್ದು."

ಊರಿಗೆ ಊರೇ ಫ್ಲಾಸ್ಕಿನಲ್ಲಿ ಚಹಾ ತುಂಬಿಕೊಂಡು ಜಿಟಿಜಿಟಿ ಮಳೆಯಲ್ಲಿ ಸಾಲು ನಿಂತಿತು. ಏನಕ್ಕೆ ಸಾಲು ಎಂದು ಅರ್ಧ ಜನ ಕೇಳಲೂ ಇಲ್ಲ. ಮೂವರಿಗೆ ಚೀಟಿ ಸಿಕ್ಕಿತು. ಉಳಿದವರು ಯಾರೂ ಕೇಳದಿದ್ದರೂ ಕ್ಷಮೆ ಕೋರಿ ಮನೆಗೆ ಹೋದರು.

"ಪದ ಹೋದ್ರೆ ಹೋಗ್ಲಿ ಬಿಡ್ರಪ್ಪ," ಎಂದ ಬಾರ್ನಬಿ, "ಮಾಡೋದನ್ನ ನಿಲ್ಸಿ ಅಂತ ಏನೂ ಹೇಳಿಲ್ವಲ್ಲ."

ವರ್ಷ ಮುಗಿಯಲು ಹತ್ತು ದಿನವಿದ್ದಾಗ ಲಂಡನ್ನಿನಿಂದ ತನಿಖಾಧಿಕಾರಿ ಮಿಸ್ ಹೆಸ್ಕೆತ್ ಬಂದಿಳಿದರು. ಹದಿನಾಲ್ಕು ಮಂದಿಯೂ ಮೇಜಿನ ಎಡಗಡೆಯ ಕಾಗದವನ್ನು ಬಲಕ್ಕೂ ಬಲಗಡೆಯದನ್ನು ಎಡಕ್ಕೂ ಇಡುತ್ತಿದ್ದರು.

"ಇವ್ರೆಲ್ಲ ಏನ್ ಮಾಡ್ತಿದಾರೆ?"

ಪ್ರೈಕ್ ಅವರಿಗೆ ಉತ್ತರ ನಾಲಿಗೆಯ ತುದಿಯಲ್ಲೇ ಇತ್ತು. ಪಿಂಚಣಿಗೆ ಉಳಿದ ಏಳು ತಿಂಗಳೂ ಅಲ್ಲೇ ಇದ್ದವು.

"ಅದನ್ನ ಹೇಳೋ ಹಾಗಿಲ್ಲ ಮೇಡಂ. ಈ ವರ್ಷದ ಪಾಲು ಮುಗಿದಿದೆ."

ಮಿಸ್ ಹೆಸ್ಕೆತ್ ಗೌರವದಿಂದ ತಲೆದೂಗಿದರು. ಅವರ ಇಲಾಖೆಯಲ್ಲೂ ಹಗಲೆಲ್ಲ ನಡೆಯುವುದು ಇದೇ. ಹೆಸರು ಅವರಿಗೂ ತಿಳಿದಿರಲಿಲ್ಲ. ವರದಿಯಲ್ಲಿ ಜಾಗ ಖಾಲಿ ಬಿಡುವಂತಿಲ್ಲವಾದ್ದರಿಂದ ಸ್ವಲ್ಪ ಯೋಚಿಸಿ "ಕೆಲಸ" ಎಂದು ಬರೆದುಕೊಂಡರು. ಇಷ್ಟೊಂದು ಕೆಲಸಕ್ಕೆ ಇನ್ನೂ ಇಬ್ಬರು ಬೇಕಾದೀತಲ್ಲವೆ ಎಂದು ತಾವಾಗಿಯೇ ಕೇಳಿದರು.

ಮೂವರಾದರೆ ಅನುಕೂಲ ಎಂದರು ಪ್ರೈಕ್.