ಗ್ರೆಗರಿ ಅಂಕಲ್‌ರ ಹಬ್ಬ, ನನ್ನ ಶನಿವಾರ

ಕರೆಯದೆ ಒಬ್ಬರ ಮನೆಯ ಊಟಕ್ಕೆ ಹೋಗುವುದು ಈ ಜನ್ಮದಲ್ಲಿ ನನ್ನಿಂದಾಗದ ಕೆಲಸ. ಇದು ಸ್ವಾಭಿಮಾನ ಎಂದುಕೊಳ್ಳಬೇಡಿ, ಬರಿ ತರಬೇತಿ. ಮೈಸೂರಿನ ನಮ್ಮ ಮನೆಯಲ್ಲಿ, ಸ್ವಂತ ಚಿಕ್ಕಪ್ಪನ ಮಗಳ ಮದುವೆಯಾದರೂ ಸರಿ, ಚಿಕ್ಕಪ್ಪ ಬಂದು ಅಕ್ಷತೆ ಕೊಟ್ಟು 'ಎಲ್ಲರೂ ಬರಬೇಕು' ಎನ್ನುವ ತನಕ ನಮ್ಮ ತಂದೆಗೆ ಆ ಮದುವೆಯ ಸುದ್ದಿಯೇ ಗೊತ್ತಿರುತ್ತಿರಲಿಲ್ಲ. ಗಂಡು ಹುಡುಕಿಕೊಟ್ಟವರು ಅವರೇ ಆಗಿದ್ದರೂ! ಕಾರ್ಡು ಅಂಚೆಯಲ್ಲಿ ಬಂದರೆ ಅರ್ಧ ಕರೆದಂತೆ, ಫೋನಿನಲ್ಲಿ ಹೇಳಿದರೆ ಕಾಲು ಕರೆದಂತೆ, ಮಾರ್ಕೆಟ್ಟಿನಲ್ಲಿ ಸಿಕ್ಕಾಗ ಹೇಳಿದರೆ ಅದು ಅವಮಾನವೇ. ಈ ಸಂಸ್ಕಾರವನ್ನು ಉಪ್ಪಿನಕಾಯಿ ಜಾಡಿಯ ಜೊತೆಗೆ ಸೂಟ್‌ಕೇಸಿಗೆ ತುಂಬಿಕೊಂಡು ನಾನು ಅಮೆರಿಕದ ಸ್ಯಾನ್ ಹೊಸೆಗೆ ಬಂದೆ. ಉಪ್ಪಿನಕಾಯಿ ಕಸ್ಟಮ್ಸಿನವರ ಪಾಲಾಯಿತು, ಸಂಸ್ಕಾರ ಉಳಿಯಿತು.

ಅದು ಡಾಟ್‌ಕಾಮ್ ಜ್ವರ ನೆತ್ತಿಗೇರಿದ್ದ ಕಾಲ. ನಾನು ಇಂಟರ್ನೆಟ್ಟಿನಲ್ಲಿ ಹೂಕುಂಡ ಮಾರುವ ಕಂಪನಿಯೊಂದರಲ್ಲಿದ್ದೆ. ಜನ ಕುಂಡ ಕೊಳ್ಳುತ್ತಿದ್ದರೋ ಇಲ್ಲವೋ, ನಮಗೆ ತಿಳಿಯದು, ಆಫೀಸಿನಲ್ಲಿ ಕೇಳುವ ಪದ್ಧತಿಯೂ ಇರಲಿಲ್ಲ. ಅಲ್ಲಿ ನಾವು ಮೂವರು ಶ್ರೀನಿವಾಸರು. ಒಬ್ಬ ಡೇಟಾಬೇಸ್ ಶ್ರೀನಿ, ಒಬ್ಬ ಟೆಸ್ಟಿಂಗ್ ಶ್ರೀನಿ, ನನ್ನನ್ನು ಮ್ಯಾನೇಜರು 'ಇನ್ನೊಬ್ಬ ಶ್ರೀನಿ' ಎನ್ನುತ್ತಿದ್ದ. ಮೈಸೂರಿನಲ್ಲೂ ನಮ್ಮ ಬೀದಿಯಲ್ಲಿ ಸ್ಕೂಟರ್ ಸೀನ, ಬ್ಯಾಂಕ್ ಸೀನ ಎಂಬಿಬ್ಬರಿದ್ದು ನಾನು ಬರಿ ಸೀನನಾಗಿಯೇ ಬೆಳೆದವನು. ಹೆಸರಿನ ಮುಂದೆ ಒಂದು ವಿಶೇಷಣಕ್ಕೂ ಗತಿಯಿಲ್ಲದವನೆಂಬ ಕೊರಗು ನನಗೆ ಸಮುದ್ರ ದಾಟಿದರೂ ತಪ್ಪಲಿಲ್ಲ.

ಆಗ ಕೆಲಸ ಸುಲಭವಾಗಿ ಸಿಗುತ್ತಿತ್ತು, ಮನೆ ಸಿಗುತ್ತಿರಲಿಲ್ಲ. ಒಂದು ಅಪಾರ್ಟ್‌ಮೆಂಟು ಖಾಲಿಯಾದರೆ ಬಾಗಿಲಲ್ಲಿ ಸಾಲು ನಿಲ್ಲುತ್ತಿತ್ತು. ಅಂಥದರಲ್ಲಿ ನನಗೂ ನನ್ನ ಹೆಂಡತಿ ಪ್ರಮೀಳೆಗೂ ಗ್ರೆಗರಿ ಎಂಬ ಗ್ರೀಕ್ ವೃದ್ಧರ ಹಿತ್ತಲಿನ ಪುಟ್ಟ ಮನೆ ಸಿಕ್ಕಿದ್ದು ಪುಣ್ಯ. ಮುಂದಿನ ದೊಡ್ಡ ಮನೆಯಲ್ಲಿ ಅವರೂ ಅವರ ಹೆಂಡತಿ ಎಲೆನಿಯೂ ಇದ್ದರು. ನಡುವೆ ಒಂದು ನಿಂಬೆ ಗಿಡ. ಅಮೆರಿಕದಲ್ಲಿ ಮುದುಕರನ್ನೂ ಬರಿ ಹೆಸರು ಹಿಡಿದು ಕೂಗುತ್ತಾರೆ. ನಮಗೆ ನಾಲಗೆ ಹೊರಳದೆ ಗ್ರೆಗರಿ ಅಂಕಲ್, ಎಲೆನಿ ಆಂಟಿ ಎಂದೆವು. ಅವರಿಗೂ ಅದು ಹಿಡಿಸಿತು.

ಗ್ರೆಗರಿ ಎಂದರೆ ಗ್ರೀಕಿನಲ್ಲಿ ಎಚ್ಚರವಾಗಿರುವವನು ಎಂದು ಅರ್ಥವಂತೆ. ಅವರೇ ಹೇಳಿದರು, ಹೇಳದಿದ್ದರೂ ಗೊತ್ತಾಗುತ್ತಿತ್ತು. ಜೀವನವೆಲ್ಲ ಮನೆಮನೆಯ ನಲ್ಲಿ, ಪೈಪು ರಿಪೇರಿ ಮಾಡಿ ನಿವೃತ್ತರಾಗಿದ್ದ ಅವರಿಗೆ ಈಗ ಅಡುಗೆಮನೆಯ ಕಿಟಕಿಯೇ ಆಫೀಸು. ನಾನು ಕಸದ ತೊಟ್ಟಿಯನ್ನು ಒಂದು ಗೇಣು ಸೊಟ್ಟ ಇಟ್ಟರೂ ಕಿಟಕಿಯ ಪರದೆ ಅಲ್ಲಾಡುತ್ತಿತ್ತು. ಪ್ರಮೀಳೆ ಮೊದಲ ಸಲ ಕುಕ್ಕರ್ ಕೂಗಿಸಿದಾಗ ಕೈಯಲ್ಲಿ ಸ್ಪ್ಯಾನರ್ ಹಿಡಿದು ಓಡಿ ಬಂದಿದ್ದರು. ಆದರೂ ಭಾನುವಾರಕ್ಕೊಮ್ಮೆ ನಮ್ಮ ಮೆಟ್ಟಿಲ ಮೇಲೆ ಒಂದು ಬುಟ್ಟಿ ನಿಂಬೆಹಣ್ಣು ಇರುತ್ತಿತ್ತು. ಪ್ರಮೀಳೆ ಬಸುರಿ ಎಂದು ತಿಳಿದ ಮೇಲೆ ಎಲೆನಿ ಆಂಟಿ ಅವಳ ಕೈ ಹಿಡಿದು, "ನಿನ್ನ ತಾಯಿ ಬರಲಾಗದಿದ್ದರೆ ನಾನಿಲ್ಲವಾ?" ಎಂದಿದ್ದರು. ಮಂಡಿನೋವಿನ ನಮ್ಮತ್ತೆ ವಿಮಾನ ಹತ್ತುವ ಸ್ಥಿತಿಯಲ್ಲಿರಲಿಲ್ಲ. ಆ ಊರಿನಲ್ಲಿ ನಮಗೆ ಹಿರಿಯರು ಅಂತ ಇದ್ದದ್ದು ಇವರಿಬ್ಬರೇ.

ಜನವರಿಯ ಕೊನೆಯಲ್ಲಿ ಒಂದು ಸಂಜೆ ಮುಂದಿನ ಮನೆಗೆ ಕಾರುಗಳು ಬರತೊಡಗಿದವು. ವಾಲ್ನಟ್ ಕ್ರೀಕ್ ಎಂಬ ಪಕ್ಕದೂರಿನಿಂದ ಎಲೆನಿ ಆಂಟಿಯ ತಮ್ಮನ ಸಂಸಾರ ಬಂತು. ಟ್ರೇಗಳು ಬಂದವು, ಹೂ ಬಂತು, ಹಾಡು ಶುರುವಾಯಿತು. ಪ್ರಮೀಳೆ ಕಿಟಕಿಯ ಬಳಿ ನಿಂತು ನೋಡುತ್ತಿದ್ದಳು.

"ಏನೋ ಫಂಕ್ಷನ್ ಕಣ್ರೀ. ಬೆಳಿಗ್ಗೆ ಲಾಂಡ್ರಿ ಹತ್ರ ಆಂಟಿ ಸಿಕ್ಕಿದ್ರು. ಒಂದು ಮಾತು ಹೇಳ್ಲಿಲ್ಲ ನೋಡಿ."

"ನಾವು ಬಾಡಿಗೆಯವರು ಕಣೆ, ನೆಂಟರಲ್ಲ," ಎಂದೆ ನಾನು, ನಮ್ಮ ತಂದೆಯ ಧ್ವನಿಯಲ್ಲಿ. "ಪರದೆ ಎಳಿ. ನಾವು ನೋಡ್ತಿದೀವಿ ಅಂತ ಗೊತ್ತಾದ್ರೆ ಅವ್ರಿಗೂ ಮುಜುಗರ."

ಪರದೆ ಎಳೆದೆವು. ಅಷ್ಟು ಸಾಲದೆಂದು ಮುಂದಿನ ದೀಪವನ್ನೂ ಆರಿಸಿ, ಮನೆಯಲ್ಲಿ ಯಾರೂ ಇಲ್ಲವೆಂಬಂತೆ ಪಿಸುಗುಟ್ಟುತ್ತಾ ಸಾರನ್ನ ಉಂಡೆವು. ಪರರಿಗೆ ಮುಜುಗರವಾಗದಿರಲೆಂದು ಕತ್ತಲಲ್ಲಿ ಊಟ ಮಾಡಿದ ನನ್ನ ಔದಾರ್ಯಕ್ಕೆ ನಾನೇ ತಲೆದೂಗಿದೆ. ಒಳಗೊಳಗೆ ಹೊಟ್ಟೆ ಉರಿಯುತ್ತಿದ್ದದ್ದು ಬೇರೆ ಮಾತು.

ಮಾರನೆಯ ದಿನದಿಂದ ಗ್ರೆಗರಿ ಅಂಕಲ್ ಮಾತು ಬಿಟ್ಟರು. ಗುಡ್ ಮಾರ್ನಿಂಗ್ ಎಂದರೆ ಗಿಡಕ್ಕೆ ನೀರು ಹಾಕುವುದರಲ್ಲಿ ಮುಳುಗಿರುತ್ತಿದ್ದರು. ಭಾನುವಾರ ಬಂತು, ನಿಂಬೆಹಣ್ಣು ಬರಲಿಲ್ಲ. ನನಗೋ ರೇಗಿತು. ಕರೆಯದೆ ಇದ್ದವರು ಅವರು, ಮುನಿಸೂ ಅವರದೇ! ನಾನೂ ಬಿಗಿದುಕೊಂಡೆ. ಆದರೆ ಪ್ರಮೀಳೆ ಬಿಗಿದುಕೊಳ್ಳುವ ಸ್ಥಿತಿಯಲ್ಲಿರಲಿಲ್ಲ. "ಏಪ್ರಿಲ್‌ನಲ್ಲಿ ಆಸ್ಪತ್ರೆಗೆ ಹೋಗುವಾಗ ನನ್ನ ಜೊತೆ ಯಾರ್ರೀ ಇರ್ತಾರೆ? ನೀವು ಸೂಜಿ ಕಂಡ್ರೇ ಕೂತ್ಬಿಡ್ತೀರ," ಎಂದು ಕಣ್ಣೀರು ಹಾಕಿದಳು. ಸೂಜಿಯ ಮಾತು ನಿಜವಾದ್ದರಿಂದ ನಾನು ವಾದಿಸಲಿಲ್ಲ.

ಕೊನೆಗೆ ಲಾಂಡ್ರಿಯ ಬಳಿ ಅವಳೇ ಬಾಯಿಬಿಟ್ಟು ಕೇಳಿದಳು. ಎಲೆನಿ ಆಂಟಿ ಹೇಳಿದ್ದನ್ನು ಅವಳು ಓಡಿಬಂದು ವರದಿ ಮಾಡಿದ ರೀತಿ ಇದು: "ಅವತ್ತು ಅಂಕಲ್ ಬರ್ತ್‌ಡೇ ಅಲ್ವಂತೆ ಕಣ್ರೀ, ಅವರ ಹೆಸರಿನ ಹಬ್ಬವಂತೆ. ಗ್ರೆಗರಿ ಅಂತ ಒಬ್ರು ಸಂತರು, ಅವರ ದಿನ. ಆ ಹೆಸರು ಇಟ್ಕೊಂಡವರ ಮನೇಲೆಲ್ಲ ಹಬ್ಬ. ಅದಕ್ಕೆ ಯಾರನ್ನೂ ಕರೆಯೋ ಹಾಗಿಲ್ವಂತೆ! ಕರೆದ್ರೆ ಮರ್ಯಾದೆ ಅಲ್ವಂತೆ. ಹೆಸರು ಗೊತ್ತಿರೋರು ತಾವಾಗೇ ಬರ್ಬೇಕು. ಅಂಕಲ್ ರಾತ್ರಿಯೆಲ್ಲ ನಮ್ಮನೆ ಕಡೇನೇ ನೋಡ್ತಿದ್ರಂತೆ. ನಾವು ದೀಪ ಆರಿಸಿದ್ದು ನೋಡಿ ಊಟಾನೇ ಸರಿಯಾಗಿ ಮಾಡ್ಲಿಲ್ವಂತೆ."

ನನಗೆ ಸಂಕಟವಾಯಿತು. ಕರೆಯುವ ತನಕ ಹೋಗಬಾರದೆಂದು ನಾವು ಈಚೆ ಕತ್ತಲಲ್ಲಿ, ಕರೆಯದೆಯೇ ಬರಬೇಕೆಂದು ಅವರು ಆಚೆ ಬೆಳಕಿನಲ್ಲಿ, ಇಬ್ಬರೂ ಒಬ್ಬರ ದಾರಿ ಒಬ್ಬರು ಕಾದಿದ್ದೆವು. ಇದನ್ನು ಸರಿಪಡಿಸದೆ ಉಪಾಯವಿರಲಿಲ್ಲ. ಸುಮ್ಮನೆ ಹೋಗಿ ಸಾರಿ ಎಂದಿದ್ದರೆ ಮುಗಿಯುತ್ತಿತ್ತು. ಆದರೆ ನಾನು ಇಂಜಿನಿಯರು, ಸುಲಭದ ದಾರಿ ನನಗೆ ಹೊಳೆಯುವುದಿಲ್ಲ. ಮೋಡೆಮ್ಮು ಕಿರುಚಿಸಿ ಇಂಟರ್ನೆಟ್ಟಿಗೆ ಹೋಗಿ ಗ್ರೆಗರಿ ಎಂದು ಹುಡುಕಿದೆ.

ಅಲ್ಲಿ ನನ್ನ ಬಂಧುಗಳೇ ಸಿಕ್ಕಿದಂತಾಯಿತು. ಒಬ್ಬ ಗ್ರೆಗರಿಯಲ್ಲ, ಬೀದಿ ತುಂಬ ಗ್ರೆಗರಿಗಳು! ನಿಸ್ಸ ಎಂಬ ಊರಿನ ಗ್ರೆಗರಿ ಒಬ್ಬರು, ದೊಡ್ಡ ವಿದ್ವಾಂಸರು. ನಾಜಿಯಾಂಜಸ್ ಎಂಬ ಊರಿನ ಗ್ರೆಗರಿ ಇನ್ನೊಬ್ಬರು, ಅವರೂ ದೊಡ್ಡ ವಿದ್ವಾಂಸರು. ಇಬ್ಬರೂ ಒಂದೇ ಕಾಲ, ಒಂದೇ ಸೀಮೆ, ಮೇಲಾಗಿ ಸ್ನೇಹಿತರು. ಸಾಲದ್ದಕ್ಕೆ ಎರಡನೆಯವರ ತಂದೆಯ ಹೆಸರೂ ಗ್ರೆಗರಿ. ಇವರಿಗಿಂತ ಮೊದಲು ಪವಾಡದ ಗ್ರೆಗರಿ ಎಂಬುವರಿದ್ದರು. ಊರಿನ ಮೇಲೆ, ಕಸುಬಿನ ಮೇಲೆ ಗುರುತಿಸುವುದು ನಮ್ಮ ಸ್ಕೂಟರ್ ಸೀನ, ಬ್ಯಾಂಕ್ ಸೀನರ ಲೆಕ್ಕವೇ. 'ಇನ್ನೊಬ್ಬ ಗ್ರೆಗರಿ' ಯಾರಾದರೂ ಇದ್ದಾರೆಯೇ ಎಂದು ಹುಡುಕಿದೆ, ಸಿಗಲಿಲ್ಲ. ಸಂತರಲ್ಲೂ ಅಂಥ ನತದೃಷ್ಟರಿರಲಿಲ್ಲ.

ಇಬ್ಬರು ವಿದ್ವಾಂಸರ ಹಬ್ಬವೂ ಜನವರಿಯಲ್ಲೇ ಮುಗಿದಿತ್ತು. ಪವಾಡದವರದು ನವೆಂಬರಿನಲ್ಲಿ, ಅಷ್ಟರಲ್ಲಿ ಮಗು ಅಂಬೆಗಾಲಿಡುತ್ತಿರುತ್ತದೆ. ಆದರೆ ಇವರೆಲ್ಲರಿಗಿಂತ ಬಹಳ ಈಚಿನ ಗ್ರೆಗರಿಯೊಬ್ಬರ ದಿನ ಮಾರ್ಚಿನ ಒಂದು ಭಾನುವಾರ ಬರುತ್ತಿತ್ತು. ಒಂದು ಏಕಾದಶಿ ತಪ್ಪಿದರೆ ಹದಿನೈದು ದಿನಕ್ಕೆ ಇನ್ನೊಂದಿದೆಯಲ್ಲ ಎಂದು ನಾನು ಲೆಕ್ಕ ಹಾಕಿದೆ. ಪ್ರಮೀಳೆ ತುಂಬು ಬಸಿರಿನಲ್ಲೂ ನಿಂತು, ತುಪ್ಪ ಸುರಿದು ಮೈಸೂರು ಪಾಕ್ ಮಾಡಿದಳು. ಆ ಭಾನುವಾರ ಸಂಜೆ ಅವಳು ರೇಷ್ಮೆ ಸೀರೆಯಲ್ಲಿ, ನಾನು ಮದುವೆಯ ಸೂಟಿನಲ್ಲಿ, ಮುಂದಿನ ಮನೆಯ ಬೆಲ್ಲು ಒತ್ತಿದೆವು. ಕರೆಯದೆ ಒಬ್ಬರ ಮನೆಗೆ ಹೋದದ್ದು ನನ್ನ ವಂಶದಲ್ಲೇ ಮೊದಲು.

ಬಾಗಿಲು ತೆರೆದ ಗ್ರೆಗರಿ ಅಂಕಲ್ ಬನಿಯನ್ನಿನಲ್ಲಿದ್ದರು. ಕೈಯಲ್ಲಿ ಚಮಚ. ಒಳಗೆ ಟೀವಿ, ಮೇಜಿನ ಮೇಲೆ ಒಂದು ಬಟ್ಟಲು ಹುರುಳಿಕಾಯಿ ಬೀಜದ ಸೂಪು. ಹಬ್ಬದ ಸುಳಿವೇ ಇಲ್ಲ.

"ಹ್ಯಾಪಿ ನೇಮ್ ಡೇ, ಅಂಕಲ್!" ಎಂದೆ.

ಅವರು ನನ್ನ ಸೂಟು ನೋಡಿದರು, ಸೀರೆ ನೋಡಿದರು, ಡಬ್ಬಿ ನೋಡಿದರು. "ಯಾವ ಗ್ರೆಗರಿ?" ಎಂದು ಕೇಳಿದರು.

ನಾನು ಇಂಟರ್ನೆಟ್ಟಿನಲ್ಲಿ ಓದಿದ್ದನ್ನು ಒಪ್ಪಿಸಿದೆ. "ಅವರು ನನ್ನ ಗ್ರೆಗರಿ ಅಲ್ಲಪ್ಪ!" ಎಂದರು ಅಂಕಲ್. "ನನ್ನ ಗ್ರೆಗರಿಗೂ ಅವರಿಗೂ ಸಾವಿರ ವರ್ಷ ಅಂತರ. ಈಗ ಈಸ್ಟರಿಗೆ ಮುಂಚಿನ ಉಪವಾಸ ಬೇರೆ. ಈ ಡಬ್ಬಿಯಲ್ಲಿ ಬೆಣ್ಣೆ ಇದೆಯಾ?"

"ಬೆಣ್ಣೆ ಇಲ್ಲ ಅಂಕಲ್," ಎಂದಳು ಪ್ರಮೀಳೆ. "ತುಪ್ಪ. ಸ್ವಲ್ಪ ಜಾಸ್ತೀನೇ ಇದೆ."

ಹಾಲು, ಬೆಣ್ಣೆ ಮುಟ್ಟದ ವ್ರತದಲ್ಲಿದ್ದವರ ಮನೆಗೆ, ಅವರದಲ್ಲದ ಸಂತನ ಹಬ್ಬಕ್ಕೆ, ತುಪ್ಪ ಸೋರುವ ಡಬ್ಬಿ ಹಿಡಿದು ಬಂದಿದ್ದೆವು. ಆಮೇಲೆ ಅಂಕಲ್ ನಗತೊಡಗಿದರು. ನಕ್ಕು ನಕ್ಕು ಬಾಗಿಲ ಚೌಕಟ್ಟು ಹಿಡಿದುಕೊಂಡರು. ಕಣ್ಣೊರೆಸಿಕೊಳ್ಳುತ್ತಾ, "ಎಲೆನಿ! ನಮ್ಮ ಹುಡುಗರು ಬಂದರು," ಎಂದು ಒಳಗೆ ಕೂಗಿದರು. ನನಗೂ ಕಣ್ಣು ಮಂಜಾಯಿತು, ನಾನು ಅದನ್ನು ಸೂಪಿನ ಹಬೆಯ ಮೇಲೆ ಹಾಕಿದೆ. ಮೊಟ್ಟೆ, ಮಾಂಸ ಇಲ್ಲದ ಅವರ ವ್ರತದ ಅಡುಗೆ ನಮಗಂತೂ ಹೇಳಿ ಮಾಡಿಸಿದ ಹಬ್ಬದೂಟ. ಮೈಸೂರು ಪಾಕ್ ಈಸ್ಟರಿನ ತನಕ ಫ್ರಿಜ್ಜಿನಲ್ಲಿರಲಿ ಎಂದು ಎಲೆನಿ ಆಂಟಿ ತೀರ್ಮಾನಿಸಿ, ಪ್ರಮೀಳೆಯ ಪಕ್ಕದಲ್ಲೇ ಕುಳಿತು ಹೆರಿಗೆಯ ಬ್ಯಾಗಿಗೆ ಏನೇನು ತುಂಬಬೇಕೆಂದು ಹೇಳತೊಡಗಿದರು.

ನಾನು ಅಲ್ಲಿಗೆ ಸುಮ್ಮನಿರಬಹುದಿತ್ತು. ಅಂಕಲ್ ಕೇಳಿದರು: "ನಿನ್ನ ಹೆಸರಿನ ಸಂತ ಯಾರು? ಅವನ ದಿನ ಯಾವುದು?"

ಅಮೆರಿಕಕ್ಕೆ ಬಂದ ಮೇಲೆ ನನ್ನ ಹೆಸರಿನ ವಿಚಾರ ಕೇಳಿದವರು ಇವರೊಬ್ಬರೇ. ನಾನು ಉಬ್ಬಿದೆ. ಏಳು ಬೆಟ್ಟದ ಒಡೆಯ, ಲಕ್ಷ್ಮಿ ಎದೆಯಲ್ಲಿರುವವನು, ಲಿವರ್‌ಮೋರಿನ ದೇವಸ್ಥಾನದಲ್ಲೂ ಇದ್ದಾನೆ, ಶನಿವಾರ ಅವನ ದಿನ ಎಂದೆ.

"ಯಾವ ಶನಿವಾರ?"

"ಎಲ್ಲಾ ಶನಿವಾರವೂ," ಎಂದೆ ಹೆಮ್ಮೆಯಿಂದ. ನಿಮ್ಮವರಿಗೆ ವರ್ಷಕ್ಕೊಂದೇ ದಿನ ಎಂಬ ಧ್ವನಿ ಅದರಲ್ಲಿ ಇದ್ದಿತೆಂದು ಪ್ರಮೀಳೆಯ ಆರೋಪ. ಗ್ರೆಗರಿ ಅಂಕಲ್ ಹೆಂಡತಿಯ ಮುಖ ನೋಡಿದರು. ಆಂಟಿ ಗಂಭೀರವಾಗಿ ತಲೆಯಾಡಿಸಿದರು.

ಶನಿವಾರ ನನ್ನದು ಒಪ್ಪತ್ತು. ಮಧ್ಯಾಹ್ನ ಊಟ, ರಾತ್ರಿ ಗೊಜ್ಜವಲಕ್ಕಿ. ಆ ಶನಿವಾರ ಸಂಜೆ ನಾನು ತೂತು ಬನಿಯನ್ನಿನಲ್ಲಿ ಸೋಫಾದ ಮೇಲೆ ಕಾಲು ಚಾಚಿದ್ದಾಗ ಬೆಲ್ಲಾಯಿತು. ಸೂಟಿನಲ್ಲಿ ಗ್ರೆಗರಿ ಅಂಕಲ್, ಮುತ್ತಿನ ಸರದಲ್ಲಿ ಎಲೆನಿ ಆಂಟಿ, ಹಿಂದೆ ಹೂಗೊಂಚಲು ಹಿಡಿದ ವಾಲ್ನಟ್ ಕ್ರೀಕಿನ ತಮ್ಮನ ಇಡೀ ಸಂಸಾರ. "ಹ್ಯಾಪಿ ನೇಮ್ ಡೇ!" ಪ್ರಮೀಳೆ ಅವಲಕ್ಕಿಯ ಡಬ್ಬ ಪೂರ್ತಿ ಬಗ್ಗಿಸಿ ಹುಣಿಸೆಹಣ್ಣು ಹಿಂಡಿದಳು. ಗೊಜ್ಜವಲಕ್ಕಿಗೆ ಹಾಲು, ಬೆಣ್ಣೆಯ ಸೋಂಕಿಲ್ಲವಾದ್ದರಿಂದ ಗ್ರೀಕರ ಉಪವಾಸದ ತಕರಾರೂ ಇರಲಿಲ್ಲ. ಎಲ್ಲರೂ ಎರಡೆರಡು ಸಲ ಬಡಿಸಿಕೊಂಡರು. ಮುಂದಿನ ಶನಿವಾರವೂ ಬಂದರು. ಅದರ ಮುಂದಿನದಕ್ಕೂ ಬಂದರು. ಪಾಪ, ಬರದಿದ್ದರೆ ನಾನು ನೊಂದುಕೊಳ್ಳುತ್ತೇನೆಂದು ಅವರ ಭಯ.

ಏಪ್ರಿಲಿನಲ್ಲಿ ಎಲೆನಿ ಆಂಟಿ ಆಸ್ಪತ್ರೆಯಲ್ಲಿ ಪ್ರಮೀಳೆಯ ಕೈ ಹಿಡಿದು ಕೂತರು. ಹೊರಗೆ ಗ್ರೆಗರಿ ಅಂಕಲ್ ನನ್ನ ಕೈ ಹಿಡಿದು ಕೂತರು. ಗಂಡುಮಗು ಹುಟ್ಟಿತು. ಅಜ್ಜನ ಹೆಸರು ವೆಂಕಟೇಶ ಎಂದಿಡೋಣವೆಂದು ನಾನು ಬಾಯಿ ತೆರೆಯುವಷ್ಟರಲ್ಲಿ, ಬಾಣಂತಿ ಮಂಚದ ಮೇಲಿಂದಲೇ ಹೇಳಿದಳು: "ಯಾವ ದೇವರ ಹೆಸರಾದ್ರೂ ಇಡಿ. ವರ್ಷಕ್ಕೊಂದೇ ಸಲ ಹಬ್ಬ ಇರೋ ದೇವರಾಗಿರ್ಲಿ." ಮಗುವಿಗೆ ರಾಮ ಎಂದು ಹೆಸರಿಟ್ಟೆವು.

ಮಗು ಹುಟ್ಟಿ ಕೆಲವು ತಿಂಗಳ ಮೇಲೆ ಒಂದು ಶನಿವಾರ ಸಂಜೆ ಏಳಾದರೂ ಮುಂದಿನ ಮನೆಯಿಂದ ಯಾರೂ ಬರಲಿಲ್ಲ. ಅವಲಕ್ಕಿ ನೆನೆದು ಅರಳಿತ್ತು. ನಾನು ನಾಲ್ಕಾರು ಸಲ ಕಿಟಕಿಯ ಪರದೆ ಸರಿಸಿ ನೋಡಿದೆ. ಅವರ ದೀಪ ಉರಿಯುತ್ತಿತ್ತು, ಆದರೂ ಬರಲಿಲ್ಲ.

"ಹೋಗಿ ಕರೆದುಕೊಂಡು ಬನ್ನಿ," ಎಂದಳು ಪ್ರಮೀಳೆ.

"ಕರೆಯೋದಾ?" ಎಂದು ನಾನು ರೇಗಿದೆ. "ನನ್ನ ಹೆಸರು ಅವರಿಗೆ ಗೊತ್ತಿಲ್ವಾ?"