ಸುಮ್ಮನೆ ಕೂತಿದ್ದಕ್ಕೆ ಸಾಕ್ಷಿ

ದುಡಿದಿದ್ದೇನೆ ಎಂದು ಲೋಕವನ್ನು ನಂಬಿಸುವುದು ಅಂಥ ಕಷ್ಟವೇನಲ್ಲ. ಮುಖ ಸ್ವಲ್ಪ ಬಾಡಿಸಿಕೊಂಡು ಬಗಲಲ್ಲೊಂದು ಫೈಲು ಇಟ್ಟುಕೊಂಡರೆ ಸಾಕು. ಆದರೆ ಏನೂ ಮಾಡದೆ ಸುಮ್ಮನೆ ಕೂತಿದ್ದೆ ಎಂದು ನಂಬಿಸುವುದಿದೆಯಲ್ಲ, ಅದರ ಪಾಡು ಅನುಭವಿಸಿದವನಿಗೇ ಗೊತ್ತು. ಸೋಮಾರಿತನದಲ್ಲಿ ನನ್ನನ್ನು ಮೀರಿಸುವವರಿಲ್ಲ ಎಂದು ನನ್ನ ಹೆಂಡತಿ ಬದುಕಿದ್ದಷ್ಟು ದಿನವೂ ಹೇಳುತ್ತಿದ್ದಳು. ಅವಳೊಬ್ಬಳು ಇದ್ದಿದ್ದರೆ ಸಾಕ್ಷಿಗಾಗಿ ನಾನು ಬೀದಿ ಬೀದಿ ಅಲೆಯಬೇಕಾಗಿರಲಿಲ್ಲ.

ನಾನು ಕಾಶಿಯ ಶಿವಾಲ ಮೊಹಲ್ಲಾದವನು, ಮನೆಮಾತು ಕನ್ನಡ. ನಮ್ಮಪ್ಪ ದಕ್ಷಿಣದ ಯಾತ್ರಿಕರಿಗೆ ಶ್ರಾದ್ಧ, ತರ್ಪಣ ಮಾಡಿಸುತ್ತಿದ್ದರು. ನನ್ನ ನಾಲಿಗೆಗೆ ಮಂತ್ರ ಹತ್ತಲಿಲ್ಲ. ಒಮ್ಮೆ, ದಾರಿ ತಪ್ಪಿದ ಕನ್ನಡದ ಅಜ್ಜಿಯೊಬ್ಬರ ಮಾತನ್ನು ಹಿಂದಿಯಲ್ಲಿ ಹೇಳಲು ಒಂದು ಸರ್ಕಾರಿ ಕಚೇರಿಗೆ ಹೋಗಿದ್ದೆ. ಅಧಿಕಾರಿ ಮೆಚ್ಚಿ, "ಸೋಮವಾರದಿಂದ ಬಂದುಬಿಡಿ" ಎಂದರು. ಇಷ್ಟೇ ನನ್ನ ನೇಮಕಾತಿ. ಯಾತ್ರಿಕರ ಮಾಹಿತಿ ಕೌಂಟರಿನಲ್ಲಿ ಕೂತು ತಲೆಗೂದಲು ನರೆತ ಮೇಲೆ ಹೊಸ ಅಧಿಕಾರಿ ಬಂದರು. ಜಾಹೀರಾತಿಲ್ಲ, ಸಂದರ್ಶನವಿಲ್ಲ, ಇದು ಅಕ್ರಮ ನೇಮಕಾತಿ ಎಂದು ಮನೆಗೆ ಕಳಿಸಿದರು. ರಸ್ತೆ ದಾಟಲೂ ಹೆದರುವ ನನ್ನ ಹೆಸರಿನ ಪಕ್ಕದಲ್ಲಿ 'ಅಕ್ರಮ' ಎಂಬ ಪದ ಕಂಡು ಒಂದು ಕ್ಷಣ ಎದೆ ಉಬ್ಬಿದ್ದೂ ಸುಳ್ಳಲ್ಲ.

ಕೇಸು ಹಾಕಿದೆ. ಬಹಳ ಕಾಲದ ಮೇಲೆ ತೀರ್ಪು ಬಂತು. ಕೆಲಸ ವಾಪಸಿಲ್ಲ, ಆದರೆ ವಿಚಾರಿಸದೆ ತೆಗೆದದ್ದು ತಪ್ಪು. ಅಂದಿನಿಂದ ಇಂದಿನವರೆಗಿನ ಬಾಕಿ ಸಂಬಳ ಕೊಡಬೇಕು. ಷರತ್ತು ಒಂದೇ, ಅಷ್ಟು ದಿನ ನಾನು ಬೇರೆಲ್ಲೂ ದುಡಿದಿರಬಾರದು. "ನೀವು ಖಾಲಿ ಕೂತಿದ್ದಿರಿ ಅಂತ ನಿಮ್ಮ ಗುರುತಿನವರೊಬ್ಬರು ಅಫಿಡವಿಟ್ ಕೊಡಲಿ, ಸಾಕು" ಎಂದು ವಕೀಲರು ನಕ್ಕರು. ಕಿರಾಣಿ ಅಂಗಡಿಯ ಸಾಲ, ಸೋರುವ ಮಾಳಿಗೆ ಎಲ್ಲವೂ ಆ ಒಂದು ಸಹಿಯನ್ನೇ ನಂಬಿಕೊಂಡಿದ್ದವು. ಆದರೆ ಆ ಸಹಿಯನ್ನು ಯಾರ ಹತ್ತಿರ ಕೇಳುವುದೆಂದು ನನಗೆ ತೋಚಲಿಲ್ಲ.

ಯಾಕೆಂದರೆ ಕೆಲಸ ಹೋದದ್ದನ್ನು ನಾನು ಗಲ್ಲಿಯಲ್ಲಿ ಯಾರಿಗೂ ಹೇಳಿರಲಿಲ್ಲ. ದಿನಾ ಆಫೀಸಿನ ಹೊತ್ತಿಗೆ ಇಸ್ತ್ರಿ ಅಂಗಿ ತೊಟ್ಟು, ಅವಲಕ್ಕಿ ಡಬ್ಬಿ ಹಿಡಿದು ಹೊರಡುತ್ತಿದ್ದೆ. ಸೋನಾರ್‌ಪುರದಲ್ಲಿ ಆಟೋ ಹತ್ತಿ ಸಾರನಾಥಕ್ಕೆ ಹೋಗಿ, ಒಂದು ಮರದ ಕೆಳಗೆ ಸಂಜೆಯವರೆಗೆ ಕೂತು ಬರುತ್ತಿದ್ದೆ. ಸುತ್ತ ಲೋಕದ ಭಾಷೆಗಳೆಲ್ಲ ಓಡಾಡುತ್ತಿದ್ದವು. ಎಲ್ಲಾದರೂ ಕನ್ನಡ ಕೇಳಿಸೀತೇ ಎಂದು ಕಿವಿ ನಿಮಿರಿಸಿಕೊಂಡಿರುತ್ತಿದ್ದೆ. ಯಾರೂ ಮಾತಾಡಿಸುತ್ತಿರಲಿಲ್ಲ. ಒಬ್ಬನೇ ತಿನ್ನುವ ಅವಲಕ್ಕಿಗೆ ಮನೆಯಾದರೇನು, ಸಾರನಾಥವಾದರೇನು, ರುಚಿ ಒಂದೇ.

ಮೊದಲು ನಮ್ಮ ಮನೆಯ ಕೆಳಗೇ ಪಾನ್ ಅಂಗಡಿ ಇಟ್ಟಿರುವ ಚೌರಸಿಯಾನನ್ನು ಕೇಳಿದೆ. ಇಷ್ಟು ದಿನ ನನ್ನ ಹೊಟ್ಟೆ ಹೊರೆದದ್ದು ಅವನು ಕೊಡುವ ಬಾಡಿಗೆಯೇ. "ಅರೇ ಗುರು, ರೋಜ್ ನನ್ನ ಕಣ್ಣೆದುರೇ ದಫ್ತರಿಗೆ ಹೋಗ್ತೀರಿ. ಸುಳ್ಳು ಸಹಿ ಹಾಕಿ ಜೈಲಿಗೆ ಹೋಗ್ಲಾ?" ಎಂದು ಕೈ ಮುಗಿದ. ಸಾರನಾಥದಲ್ಲಿ ನನ್ನ ಮರದ ಪಕ್ಕದ ಚಹಾ ಗಾಡಿಯಾಕೆಯನ್ನು ಕೇಳಿದರೆ ಗಡಬಡಿಸಿ ಎದ್ದು ನಿಂತಳು. ಗಾಡಿಗಳ ಮೇಲೆ ಕಣ್ಣಿಡಲು ಸರ್ಕಾರ ಕಳಿಸಿದ ಇನ್‌ಸ್ಪೆಕ್ಟರ್ ನಾನು ಎಂದುಕೊಂಡಿದ್ದಳಂತೆ. "ಅದಕ್ಕೇ ಸಾಹೇಬ್, ನಿಮ್ಮ ಹತ್ತಿರ ನಾವ್ಯಾರೂ ಸುಳೀತಿರಲಿಲ್ಲ" ಎಂದಳು.

ಉಳಿದವರು ಎದುರು ಮನೆಯ ಇಂದಿರಕ್ಕ ಒಬ್ಬರೇ. ಧಾರವಾಡದ ಕಡೆಯಿಂದ ಬಂದು ಕಾಶಿಯಲ್ಲೇ ನಿಂತ ಹಿರಿಯ ಜೀವ. ಗಲ್ಲಿಯಲ್ಲಿ ನನ್ನೊಡನೆ ಕನ್ನಡ ಆಡುವವರೆಂದರೆ ಈಗ ಅವರೇ. ನಿಜ ಹೇಳಬೇಕೆಂದರೆ, ಅವರ ಮುಂದೆ ಸಣ್ಣವನಾಗಬಾರದೆಂದೇ ನನ್ನ ಈ ನಾಟಕವೆಲ್ಲ. ಬೇರೆ ದಾರಿಯಿಲ್ಲದೆ ತಲೆ ತಗ್ಗಿಸಿ ಎಲ್ಲ ಹೇಳಿದೆ. ಅವರು ಅಕ್ಕಿ ಆರಿಸುವುದನ್ನೂ ನಿಲ್ಲಿಸಲಿಲ್ಲ.

"ನನಗ ಗೊತ್ತದ. ಗಾಂಧಿ ಜಯಂತಿ ದಿವಸನೂ ಡಬ್ಬಿ ಹಿಡಕೊಂಡು ಹೊಂಟಿದ್ಯಲ್ಲಾ! ಸರಕಾರಿ ನೌಕರಿಯವರು ಏನರೆ ಮರೀತಾರ, ರಜಾ ಮರೀತಾರೇನಪಾ?"

"ಮತ್ತೆ ಇಷ್ಟು ದಿನ ಯಾಕಕ್ಕ ಕೇಳಲಿಲ್ಲ?"

"ಕೇಳಿದ್ರ ನೀ ಮನಿ ಬಿಟ್ಟು ಹೊರಗ ಬರ್ತಿದ್ದಿಲ್ಲ. ಒಬ್ಬವನ ಕೂತು ಏನ್ ಮಾಡ್ತಿದ್ದಿ? ಹೊರಗ ಹೋದ್ರ ನಾಕ ಮಂದಿ ಮಾತಾಡಸ್ತಾರ ಅಂತ ಸುಮ್ಮನಿದ್ದೆ."

ಆ ನಾಲ್ಕು ಮಂದಿ ನನಗೆ ಸಿಗಲೇ ಇಲ್ಲ ಎಂದು ಅವರಿಗೆ ಹೇಳಲಿಲ್ಲ. ಬಗ್ಗಿ ನಾನೂ ಅವರ ಅಕ್ಕಿಯಲ್ಲಿ ಒಂದೆರಡು ಕಲ್ಲು ಆರಿಸಿದೆ.

ಅವರೇ ಬಂದು ವಕೀಲರ ಮುಂದೆ, "ಇವ ಒಂದ ಹುಲ್ಲಕಡ್ಡಿನೂ ಎತ್ತಿಟ್ಟಿಲ್ರೀ" ಎಂದು ಅಭಿಮಾನದಿಂದ ಹೇಳಿದರು. ಅವರ ಹಿಂದಿ ತರಕಾರಿ ಕೊಳ್ಳಲು ಸಾಕು, ಅಫಿಡವಿಟ್ಟಿಗೆ ಸಾಲದು. ಹಾಗಾಗಿ ನಾನು ಕೆಲಸಕ್ಕೆ ಬಾರದವನೆಂಬುದನ್ನು ಹಿಂದಿಯಲ್ಲಿ ವಿವರಿಸಿದವನೂ ನಾನೇ. ಎಷ್ಟೋ ಕಾಲದ ಮೇಲೆ ಸಿಕ್ಕಿದ ಕೆಲಸ. ಒಂದು ಪದವನ್ನೂ ಬಿಡದೆ ಮಾಡಿದೆ. ಬಾಕಿ ಮಂಜೂರಾಯಿತು. ಸುದ್ದಿ ಗಲ್ಲಿಗೆಲ್ಲ ಹಬ್ಬಿತು.

ಮರುದಿನ ರೂಢಿಯಂತೆ ಇಸ್ತ್ರಿ ಅಂಗಿ ತೊಟ್ಟು ಡಬ್ಬಿ ತುಂಬಿದೆ. ಹೋಗುವುದೆಲ್ಲಿಗೆ ಎಂದು ತೋಚದೆ ಕೂತುಬಿಟ್ಟೆ. ಎದುರು ಕಿಟಕಿಯಿಂದ ದನಿ ಬಂತು: "ಏನಪಾ, ಇವತ್ತ ರಜಾ ಏನು? ಡಬ್ಬಿ ತಗೊಂಡ ಇಲ್ಲೇ ಬಾ. ಮೊಸರು ಅದ."

ಕೆಳಗಿಳಿದೆ. ಎಲ್ಲ ಗೊತ್ತಿದ್ದೂ ಚೌರಸಿಯಾ ಡಬ್ಬಿ ನೋಡಿ, "ಕಾ ಗುರು, ದಫ್ತರ್?" ಎಂದ.

"ಹೂಂ, ಇವತ್ತು ಸ್ವಲ್ಪ ತಡವಾಯಿತು" ಎಂದು ಬಿರಬಿರನೆ ಗಲ್ಲಿ ದಾಟಿ ಎದುರು ಮನೆಯ ಬಾಗಿಲು ತಟ್ಟಿದೆ.