ಮಾವನ ಮಣ್ಣಿಗೆ ಹೊರಟ ಕಾರು

ಎರಡು ಸಲ ಕ್ಲಚ್ ಪ್ಲೇಟ್ ಹೊಸದು ಹಾಕಿಸಿದರೂ ಹುಲಗಪ್ಪ ಫ್ಲೈವೀಲಿನ ತಂಟೆಗೆ ಹೋಗಿರಲಿಲ್ಲ. ಅದು ಸೇಡು ತೀರಿಸಿಕೊಳ್ಳಲು ಆರಿಸಿಕೊಂಡದ್ದು ಅವನ ಸೋದರಮಾವ ತೀರಿಕೊಂಡ ದಿನವನ್ನು. ಉಪ್ಪಿನಬೆಟಗೇರಿಯಲ್ಲಿ ಸಂಜೆ ನಾಲ್ಕಕ್ಕೆ ಮಣ್ಣು. ಅವ್ವ ಕಸ್ತೂರೆವ್ವನನ್ನು ಕೂರಿಸಿಕೊಂಡು ಬೆಳಿಗ್ಗೆಯೇ ಧಾರವಾಡದ ಸಪ್ತಾಪುರದ ಮನೆ ಬಿಟ್ಟ ಕಾರು, ಚಳಿಜ್ವರ ಬಂದವರಂತೆ ಗಡಗಡ ನಡುಗಿ, ಮಕ್ತುಮಸಾಬನ ಗ್ಯಾರೇಜಿನ ಮುಂದೆ ನಿಂತುಬಿಟ್ಟಿತು.

ಮೊಣಕಾಲು ಹಿಡಿದಿದ್ದ ಅವ್ವ ಬಸ್ಸು ಹತ್ತುವಂತಿರಲಿಲ್ಲ. ಹಳೇ ಟೈರಿನ ಮೇಲೆ ಕೂತು ಅಳತೊಡಗಿದಳು. "ನಮ್ಮಣ್ಣನ ಮಾರಿ ಒಂದ ಸಲ ತೋರಸೋ, ಸಾಕು."

"ಬಾಡಿಗಿ ಗಾಡಿ ತರಲೇನು?" ಎಂದ ಹುಲಗಪ್ಪ.

"ಯಾಕ್ರಿ ಸರ, ಅರ್ಧಾ ತಾಸಿನ ಕೆಲಸ," ಎಂದ ಮಕ್ತುಮಸಾಬ. ಗೇರ್ ಬಾಕ್ಸ್ ಇಳಿಸಿ, ಹುಲಗಪ್ಪನ ಮೊಬೈಲಿನ ಬೆಳಕು ಬಿಟ್ಟುಕೊಂಡು ಇಣುಕಿದ. ಕ್ಲಚ್ ಪ್ಲೇಟ್ ಒತ್ತಿ ಕೂರುವ ಫ್ಲೈವೀಲಿನ ಮೈ ಬೀಸುಕಲ್ಲಿನಂತೆ ಗೆರೆಬಿದ್ದು, ಸುಟ್ಟು ನೀಲಿಗಟ್ಟಿತ್ತು. "ಹೊಸಾ ಪ್ಲೇಟ್ ಹಾಕಿದಂಗ ಹಾಕಿದಂಗ ಇದ ತಿಂದೈತ್ರಿ. ಬದಲ ಮಾಡಬೇಕ."

"ಬದಲ ಯಾಕಲೇ? ಲೇತಿನ್ಯಾಗ ಉಜ್ಜಸು, ಕನ್ನಡಿ ಆಕ್ಕೈತಿ," ಎಂದು ಬಾಯಿ ಹಾಕಿದ ಗ್ಯಾರೇಜಿನ ಪಕ್ಕದ ಮನೆಯ ನಿಜಾಮುದ್ದೀನ, ನಿವೃತ್ತ ಬಸ್ ಚಾಲಕ.

ಉಜ್ಜಿಸಿದರು. ಗೆರೆ ಹೋಯಿತು, ಕೆಳಗಡಗಿದ್ದ ಬಿರುಕು ಹಲ್ಲು ಕಿರಿಯಿತು.

"ಖರೇ ಹೇಳ್ತೇನಿ, ಬದಲ ಮಾಡೂದ ಛಲೋ," ಎಂದ ನಿಜಾಮುದ್ದೀನ, ಮೊದಲಿನಿಂದಲೂ ಅದನ್ನೇ ಹೇಳುತ್ತಿದ್ದವನಂತೆ. ಹೊಸದು ಹುಬ್ಬಳ್ಳಿಯಿಂದ ಬರಬೇಕಾಯಿತು.

ಮಾವನ ಮಗ ಅಂಬರೀಷ ಫೋನ್ ಮಾಡಿದಾಗಲೆಲ್ಲ ಹುಲಗಪ್ಪನದು ಒಂದೇ ಮಂತ್ರ: "ಅರ್ಧಾ ತಾಸು." ನಾಲ್ಕನೆಯ ಸಲ ಅಂಬರೀಷ, "ನೀವು ಬರೂದ ಬ್ಯಾಡ, ನಾವ…" ಎನ್ನುವಷ್ಟರಲ್ಲಿ, ಬೆಳಗಿನಿಂದ ಬೆಳಕು ಬಿಟ್ಟೂ ಬಿಟ್ಟೂ ಸುಸ್ತಾಗಿದ್ದ ಮೊಬೈಲು ಕಣ್ಣು ಮುಚ್ಚಿತು.

"ಸಿಟ್ಟ ಬಂದೈತಿ ಅವಗ. ಲಗೂ ನಡಿ," ಎಂದಳು ಅವ್ವ.

ಮೂರೂವರೆಗೆ ಕಾರು ಎದ್ದಿತು. ನಡುಕವಿಲ್ಲ, ನರಳಾಟವಿಲ್ಲ. ನಾಲ್ಕಕ್ಕೆ ಐದು ನಿಮಿಷವಿರುವಾಗ ಮಾವನ ಮನೆ ಮುಟ್ಟಿದರು. ಅಂಗಳ ಖಾಲಿ. ಒಬ್ಬ ಮುದುಕಿ ಕಸ ಹೊಡೆಯುತ್ತಿದ್ದಳು.

"ಒಯ್ದರೇನಬೇ?" ಅವ್ವ ಚೀರಿದಳು.

"ಒಯ್ದ್ರವಾ. ಸುಡಗಾಡಕ್ಕಲ್ಲ, ಧಾರವಾಡಕ್ಕ. ನಿಮ್ಮ ಗಾಡಿ ಇವತ್ತ ಆಗೂದಿಲ್ಲ, ತಂಗಿ ಮಾರಿ ನೋಡದ ಮಣ್ಣ ಮಾಡಬಾರದು ಅಂತ, ಹೆಣಾ ಟ್ರ್ಯಾಕ್ಟರದಾಗ ಹಾಕ್ಕೊಂಡು ಒಳದಾರಿ ಹಿಡದು ಹ್ವಾದ್ರು. ಈಗ ನಿಮ್ಮ ಬಾಗಲದಾಗ ಇರಬೇಕ ನೋಡು."

ಹುಲಗಪ್ಪ ಕಾರು ತಿರುಗಿಸಿದ. ಕ್ಲಚ್ ಬೆಣ್ಣೆಯಂತೆ ಕೂತಿತು.

ಅವ್ವ ಸೆರಗಿನಿಂದ ಮೂಗು ಒರೆಸಿಕೊಂಡಳು. "ಇಪ್ಪತ್ತ ವರ್ಷ ಕರದ್ರೂ ಬರಲಾರದಾಂವ ಇವತ್ತ ನಮ್ಮ ಮನಿಗೆ ಬಂದಾನ. ಬಾಗಲಕ್ಕ ಕೀಲಿ ಜಡದ ಬಂದೀಯಲ್ಲೋ, ಮೂಳಾ!"